ಬಾಯಿಪಾಠವೆಲ್ಲ ಗಿಳಿಪಾಠವಲ್ಲ

‘ಯಮಾತಾರಾಜಭಾನಸಲಗಂ’ ಎಂಬ ಹತ್ತು ಅಕ್ಷರಗಳ ಸರಕ್ಕೆ ಯಾವ ಭಾಷೆಯಲ್ಲೂ ಅರ್ಥವಿಲ್ಲ. ಆದರೂ ಹೈಸ್ಕೂಲಿನಲ್ಲಿ ಛಂದಸ್ಸಿನ ಪಾಠ ಕೇಳಿದವರಿಗೆ, ಉಳಿದೆಲ್ಲ ಮರೆತುಹೋದ ಮೇಲೂ ಇದೊಂದು ಬಾಯಿಗೆ ಬರುತ್ತದೆ. ಇದರಲ್ಲಿ ಮೊದಲ ಎಂಟು ಅಕ್ಷರಗಳ ಪೈಕಿ ಯಾವುದರಿಂದ ಬೇಕಾದರೂ ಶುರುಮಾಡಿ ಸಾಲಾಗಿ ಮೂರನ್ನು ಎತ್ತಿಕೊಳ್ಳಿ: ಮೊದಲ ಅಕ್ಷರ ಗಣದ ಹೆಸರು ಹೇಳುತ್ತದೆ, ಮೂರರ ಉಚ್ಚಾರ ಆ ಗಣದ ರೂಪವನ್ನೇ ಕಿವಿಗೆ ಹಾಕುತ್ತದೆ. ‘ಯಮಾತಾ’ ಯಗಣ; ಒಂದು ಲಘು, ಎರಡು ಗುರು. ‘ನಸಲ’ ನಗಣ, ಮೂರೂ ಲಘು. ಎಂಟು ಗಣಗಳ ಇಡೀ ಪಟ್ಟಿ ಒಂದೇ ಉಸಿರಿನಲ್ಲಿ ಮುಗಿಯಿತು. ಉಚ್ಚರಿಸಿದೊಡನೆ ನೆನಪನ್ನು ತೆರೆಯುವ ಗುಣ ನಾವು ಆಡುವ ಮಾತಿಗೇ ಇದೆ, ಈ ನಾಡಿನವರು ಅದನ್ನು ಬಹಳ ಕಾಲ ಚೆನ್ನಾಗಿಯೇ ದುಡಿಸಿಕೊಂಡಿದ್ದಾರೆ. ಬಾಯಿಪಾಠ ಬೇಡವೆಂಬ ಭರದಲ್ಲಿ ನಮ್ಮ ಶಾಲೆಗಳು ಧ್ವನಿಗೆ ಕಟ್ಟಿದ ಈ ನೆನಪನ್ನು ಹೊರಗೆ ಹಾಕಿದವು, ಹೊರಗೆ ಹಾಕಬೇಕಿದ್ದ ಗಿಳಿಪಾಠವನ್ನು ಮಾತ್ರ ಒಳಗೇ ಉಳಿಸಿಕೊಂಡವು ಎಂಬುದು ನನ್ನ ವಾದ.

ಧ್ವನಿ ನೆನಪನ್ನು ಹಿಡಿದಿಡುವ ಬಗೆಯನ್ನು ತಿಳಿಯಲು ಕನ್ನಡಿಗರಿಗೆ ಆದಿಪ್ರಾಸವೇ ಸಾಕು. ಪ್ರತಿ ಸಾಲಿನ ಎರಡನೆಯ ಅಕ್ಷರದಲ್ಲಿ ಒಂದೇ ವ್ಯಂಜನ ಬರಬೇಕೆಂಬ ಕಟ್ಟುಪಾಡನ್ನು ನಾವು ಕಾವ್ಯದ ಅಲಂಕಾರವೆಂದು ಓದಿಕೊಂಡು ಬಂದಿದ್ದೇವೆ. ನೆನಪಿನ ಕಡೆಯಿಂದ ನೋಡಿದರೆ ಅದು ಮಾಡುವ ಕೆಲಸವೇ ಬೇರೆ. ‘ಹೊಲದಲ್ಲಿ ದುಡಿಯುವುದು ಯಾವುದು’ ಎಂದು ಕೇಳಿದರೆ ರೈತ, ಕೂಲಿಯವಳು, ಕೋಣ, ಟ್ರ್ಯಾಕ್ಟರ್ ಎಂದು ಹತ್ತು ಉತ್ತರ ಬರುತ್ತವೆ. ‘ಎರಡನೆಯ ಅಕ್ಷರ ತ್ತು ಆಗಿರುವ ಮಾತು ಹೇಳಿ’ ಎಂದರೆ ಹತ್ತು, ಮುತ್ತು, ಹೊತ್ತು, ಸುತ್ತು, ಕುತ್ತು ಎಂದು ಮತ್ತೆ ಹತ್ತು. ಎರಡನ್ನೂ ಒಟ್ಟಿಗೆ ಕೇಳಿ, ‘ಎತ್ತು’ ಬಿಟ್ಟರೆ ಬೇರೆ ಉತ್ತರವೇ ಇಲ್ಲ. ಅರ್ಥವೊಂದೇ ತೆರೆಯಲಾರದ, ಧ್ವನಿಯೊಂದೇ ತೆರೆಯಲಾರದ ಬಾಗಿಲನ್ನು ಎರಡೂ ಸೇರಿ ತೆರೆಯುತ್ತವೆ. ಅಮೆರಿಕದ ಮನಶ್ಶಾಸ್ತ್ರಜ್ಞ ಡೇವಿಡ್ ರೂಬಿನ್ ಇಂಥವೇ ಪ್ರಯೋಗಗಳನ್ನು ಇಂಗ್ಲಿಷಿನಲ್ಲಿ ಮಾಡಿದರು. ಮಹಾಕಾವ್ಯ, ಲಾವಣಿ, ಮಕ್ಕಳ ಆಟದ ಪದಗಳು ಬರಹದ ನೆರವಿಲ್ಲದೆ ತಲೆಮಾರು ದಾಟುವುದು ಹೇಗೆಂದು 1995ರ ತಮ್ಮ ಪುಸ್ತಕದಲ್ಲಿ ವಿವರಿಸಿದರು. ಅವರ ತೀರ್ಮಾನವೂ ಇದೇ: ಅರ್ಥ, ಚಿತ್ರ, ನಾದ ಮೂರೂ ಒಂದೇ ಮಾತಿನತ್ತ ಬೆರಳು ತೋರಿಸಿದಾಗ ಆ ಮಾತು ತಪ್ಪಿಹೋಗುವುದು ಕಷ್ಟ. ನಮ್ಮ ಮಳೆಗಾದೆಗಳು ಹುಟ್ಟಿದ್ದು ಈ ಮೂಸೆಯಲ್ಲಿಯೇ. ‘ಭರಣಿ ಮಳೆ ಬಂದರೆ ಧರಣಿಯೆಲ್ಲ ಬೆಳೆ’ ಎಂಬ ಮಾತಿನಲ್ಲಿ ಭರಣಿ ಎಂದೊಡನೆ ಧರಣಿ ಬರಲೇಬೇಕು, ಧರಣಿ ಬಂದ ಮೇಲೆ ಬೆಳೆ ಬಾರದೆ ಇರದು. ಏಪ್ರಿಲ್ ಕೊನೆಗೆ ಶುರುವಾಗುವ ಒಂದು ಮಳೆನಕ್ಷತ್ರದ ಬೆಲೆ ಏನೆಂಬುದು ಹೀಗೆ ಓದು ಬಾರದ ರೈತನ ನಾಲಿಗೆಯ ಮೇಲೆ ಕುಳಿತಿತ್ತು. ಆರಿದ್ರಕ್ಕೆ ದರಿದ್ರವನ್ನು ಜೋಡಿಸಿದ ಗಾದೆಯದೂ ಇದೇ ಯುಕ್ತಿ. ಮುಂಗಾರಿನ ಮೊದಲ ಹನಿ ಬಿದ್ದಾಗ ಪಂಚಾಂಗ ಹುಡುಕುವ ಮುನ್ನವೇ ಗಾದೆ ಬಾಯಿಗೆ ಬರುತ್ತಿತ್ತು.

ಮಗ್ಗಿಯನ್ನು ತೆಗೆದುಕೊಳ್ಳಿ. ಕನ್ನಡ ಶಾಲೆಯಲ್ಲಿ ಮಗ್ಗಿ ಕಲಿತು ಈಗ ದಿನವಿಡೀ ಇಂಗ್ಲಿಷಿನಲ್ಲಿ ವ್ಯವಹರಿಸುವವರು ಕೂಡ ಎಂಟೊಂಬತ್ಲಿ ಎಷ್ಟು ಎಂದಾಗ ತುಟಿಯೊಳಗೆ ಕನ್ನಡದಲ್ಲೇ ಗುನುಗುತ್ತಾರೆ. ಇದು ಬರೀ ಅಭ್ಯಾಸಬಲವಲ್ಲ ಎನ್ನುವುದಕ್ಕೆ ಆಧಾರವಿದೆ. ಫ್ರಾನ್ಸಿನ ಸ್ಟಾನಿಸ್ಲಾಸ್ ದೆಹೆನ್ ಮತ್ತು ಸಂಗಡಿಗರು 1999ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ರಷ್ಯನ್ ಮತ್ತು ಇಂಗ್ಲಿಷ್ ಎರಡನ್ನೂ ಬಲ್ಲವರಿಗೆ ಒಂದು ಭಾಷೆಯಲ್ಲಿ ಹೊಸ ಲೆಕ್ಕಗಳನ್ನು ಕಲಿಸಿ, ಇನ್ನೊಂದರಲ್ಲಿ ಕೇಳಲಾಯಿತು. ಕರಾರುವಾಕ್ಕಾದ ಉತ್ತರ ಬೇಕಾದಾಗ ಭಾಷೆ ಬದಲಾದೊಡನೆ ಅವರು ತಡವರಿಸಿದರು. ಅಂದಾಜು ಉತ್ತರ ಸಾಕೆಂದಾಗ ಭಾಷೆ ಅಡ್ಡಬರಲಿಲ್ಲ. ಖಚಿತ ಲೆಕ್ಕ ಕಲಿತ ಭಾಷೆಯ ಮಾತಿಗೇ ಅಂಟಿಕೊಂಡಿತ್ತು ಎಂದಾಯಿತು. ಮರುವರ್ಷ ವಿಯೋರಿಕಾ ಮರಿಯನ್ ಮತ್ತು ಉಲ್ರಿಕ್ ನೈಸರ್ ಇನ್ನೂ ಒಂದು ಹೆಜ್ಜೆ ಮುಂದೆ ಹೋದರು. ಅಮೆರಿಕಕ್ಕೆ ವಲಸೆ ಬಂದ ರಷ್ಯನ್ ಭಾಷಿಕರಿಗೆ ಒಂದೊಂದೇ ಪದ ಕೊಟ್ಟು ಬದುಕಿನ ನೆನಪುಗಳನ್ನು ಕೇಳಿದಾಗ, ರಷ್ಯನ್‌ನಲ್ಲಿ ಕೇಳಿದರೆ ರಷ್ಯನ್ ಆಡಿಕೊಂಡಿದ್ದ ದಿನಗಳ ನೆನಪು ಹೆಚ್ಚು ಬಂದವು, ಇಂಗ್ಲಿಷಿನಲ್ಲಿ ಕೇಳಿದರೆ ಇಂಗ್ಲಿಷ್ ದಿನಗಳವು. ಮಾತು ನೆನಪನ್ನು ವರ್ಣಿಸುವುದಷ್ಟೇ ಅಲ್ಲ, ಅದನ್ನು ಕೆದಕಿ ಎಬ್ಬಿಸುತ್ತದೆ. ಹೊರದೇಶಗಳ ಕನ್ನಡ ಕೂಟಗಳು ವಾರದ ಕೊನೆಗೆ ಮಕ್ಕಳನ್ನು ಕೂರಿಸಿಕೊಂಡು ಕನ್ನಡ ಕಲಿಸುವುದನ್ನು ಭಾವುಕತೆ ಎಂದು ನಗುವವರು ಈ ಸಂಶೋಧನೆಯನ್ನೊಮ್ಮೆ ನೋಡಬೇಕು.

ಧ್ವನಿಯನ್ನು ಇಷ್ಟು ಶಿಸ್ತಾಗಿ ನೆನಪಿನ ಕೆಲಸಕ್ಕೆ ಹಚ್ಚಿದ ನಾಡುಗಳು ಹೆಚ್ಚಿಲ್ಲ. ಕರ್ನಾಟಕ ಸಂಗೀತದ 72 ಮೇಳಕರ್ತ ರಾಗಗಳ ಹೆಸರುಗಳನ್ನೇ ನೋಡಿ. ಕಟಪಯಾದಿ ಕ್ರಮದಲ್ಲಿ ಪ್ರತಿ ವ್ಯಂಜನಕ್ಕೂ ಒಂದು ಅಂಕಿ. ಕ, ಟ, ಪ, ಯ ನಾಲ್ಕೂ ಒಂದು. ಕಲ್ಯಾಣಿಗೆ ‘ಮೇಚ’ ಎಂಬ ಮುನ್ನುಡಿ ಅಂಟಿಸಿದ್ದು ಅಂದಕ್ಕಲ್ಲ. ಮ ಐದು, ಚ ಆರು, ತಿರುಗಿಸಿ ಓದಿದರೆ 65. ಅರವತ್ತೈದು 36ನ್ನು ದಾಟಿದ್ದರಿಂದ ಮಧ್ಯಮ ಪ್ರತಿಮಧ್ಯಮವೇ. ಹನ್ನೊಂದನೆಯ ಚಕ್ರದ ಐದನೆಯ ರಾಗವೆಂಬುದರಿಂದ ಉಳಿದ ಸ್ವರಗಳೂ ಲೆಕ್ಕಕ್ಕೆ ಸಿಗುತ್ತವೆ. ರಾಗದ ಹೆಸರು ಹೇಳಿದವನು ಅದರ ಸ್ವರಪಟ್ಟಿಯನ್ನೂ ಹೇಳಿದಂತೆ. ವೇದಪಾಠದವರು ಇದಕ್ಕಿಂತ ಕಟ್ಟುನಿಟ್ಟು. ಕ್ರಮಪಾಠದಲ್ಲಿ ಒಂದು–ಎರಡು, ಎರಡು–ಮೂರು ಎಂದು ಪದಗಳನ್ನು ಕೊಂಡಿ ಹಾಕುತ್ತಾರೆ. ಘನಪಾಠದಲ್ಲಿ ಒಂದು–ಎರಡು, ಎರಡು–ಒಂದು, ಒಂದು–ಎರಡು–ಮೂರು, ಮೂರು–ಎರಡು–ಒಂದು, ಮತ್ತೆ ಒಂದು–ಎರಡು–ಮೂರು. ಒಂದು ಪದ ಜಾರಿದರೆ ಇಡೀ ಸರಣಿ ಎಡವುತ್ತದೆ, ಪಕ್ಕದವನ ಕಿವಿಗೆ ಅದು ತಟ್ಟನೆ ಗೊತ್ತಾಗುತ್ತದೆ. ತಪ್ಪು ಹಿಡಿಯುವ ಏರ್ಪಾಡನ್ನು ಪಾಠದೊಳಗೇ ಹೆಣೆದದ್ದರಿಂದ ಋಗ್ವೇದದ 1,028 ಸೂಕ್ತಗಳು ಶತಮಾನಗಳ ಕಾಲ ಬಾಯಿಂದ ಬಾಯಿಗೆ, ಸ್ವರವೂ ಕೆಡದಂತೆ ದಾಟಿದವು. 2003ರಲ್ಲಿ ಯುನೆಸ್ಕೊ ವೇದಪಠನವನ್ನು ಮನುಕುಲದ ಮೌಖಿಕ ಪರಂಪರೆಯ ಮೇರುಕೃತಿಯೆಂದು ಘೋಷಿಸಿತು.

ವೇದದ ಹೆಸರು ಬಂದೊಡನೆ ಏಳುವ ಆಕ್ಷೇಪ ನ್ಯಾಯವಾದದ್ದೇ. ಈ ವಿದ್ಯೆ ಹೆಂಗಸರಿಗೂ ಶೂದ್ರರಿಗೂ ಬಾಗಿಲು ಹಾಕಿಕೊಂಡಿತ್ತು. ಕೇಳುವುದೇ ಅಪರಾಧವಾಗಿದ್ದ ಧ್ವನಿಯನ್ನು ನೆನಪಿನ ಮಾದರಿಯೆಂದು ಹೊಗಳುವುದು ಹೇಗೆ? ಹೊಗಳಬೇಕಾಗಿಲ್ಲ, ಮುಚ್ಚಿಡಲೂಬೇಕಿಲ್ಲ. ಬೀಗ ಹಾಕಿದ್ದು ಒಂದು ಗ್ರಂಥಕ್ಕೆ. ವಿದ್ಯೆಗೆ ಬೀಗ ಹಾಕುವುದು ಯಾರಿಂದಲೂ ಆಗಲಿಲ್ಲ. ತಂಬೂರಿ ಹಿಡಿದ ನೀಲಗಾರರು ಮಂಟೇಸ್ವಾಮಿಯ ಕಾವ್ಯವನ್ನು, ಕಂಸಾಳೆಯವರು ಮಲೆಯ ಮಾದೇಶ್ವರನ ಕಾವ್ಯವನ್ನು ರಾತ್ರಿಯಿಡೀ ಹಾಡುವಾಗ ಹಿಮ್ಮೇಳ ಮಾಡುವ ಕೆಲಸವನ್ನು ಗಮನಿಸಿ. ಮುಂದಾಳು ಒಂದು ನುಡಿ ಬಿಟ್ಟಾಗ ಹಿಮ್ಮೇಳದವರು ಅದನ್ನು ಎತ್ತಿಕೊಳ್ಳುತ್ತಾರೆ. ಆ ಬಿಡುವಿನಲ್ಲಿ ಮುಂದಾಳಿನ ಬಾಯಿಗೆ ಮುಂದಿನ ನುಡಿ ಬಂದಿರುತ್ತದೆ. ಕೇಳುವವರಿಗೆ ಸೊಗಸು, ಹಾಡುವವನಿಗೆ ನೆನಪಿನ ಊರುಗೋಲು. ಬೀಸುವ ಕಲ್ಲಿನ ಮುಂದೆ ಹೆಣ್ಣುಮಕ್ಕಳು ಕಟ್ಟಿದ ತ್ರಿಪದಿಗೆ ಹನ್ನೊಂದೇ ಗಣ, ಆರನೆಯದೂ ಹತ್ತನೆಯದೂ ಗಿಡ್ಡ ಗಣವೇ ಆಗಿರಬೇಕು. ಛಂದಶ್ಶಾಸ್ತ್ರದ ಹೆಸರನ್ನೂ ಕೇಳದ ಗರತಿಯರು ಆ ಲೆಕ್ಕವನ್ನು ಕಲ್ಲಿನ ಸುತ್ತಿಗೆ ಹೊಂದಿಸಿ ಕಾಪಾಡಿದರು. ಹಲಸಂಗಿ ಗೆಳೆಯರು ಅವನ್ನು ಸಂಗ್ರಹಿಸಿ ‘ಗರತಿಯ ಹಾಡು’ ತರುವ ಹೊತ್ತಿಗೆ ಅವು ಎಷ್ಟು ತಲೆಮಾರು ಕಂಡಿದ್ದವೋ. ತುಳುನಾಡಿನಲ್ಲಿ 1990ರಲ್ಲಿ ಮಾಚಾರು ಗೋಪಾಲ ನಾಯ್ಕರು ಹಾಡಿದ, ಸಿರಿ ಎಂಬ ದೈವದ ಕಾವ್ಯವನ್ನು ಫಿನ್ಲೆಂಡಿನ ಲೌರಿ ಹೊಂಕೊ, ನಮ್ಮ ವಿವೇಕ ರೈ, ಚಿನ್ನಪ್ಪ ಗೌಡರ ಜತೆಗೂಡಿ ದಾಖಲಿಸಿದರು. 1998ರಲ್ಲಿ ಅಚ್ಚಾದಾಗ ಅದು 15,683 ಸಾಲು; ಹೋಮರನ ಇಲಿಯಡ್‌ ಎಷ್ಟಿದೆಯೋ ಹತ್ತಿರ ಹತ್ತಿರ ಅಷ್ಟೇ. ಸಿರಿಜಾತ್ರೆಯಲ್ಲಂತೂ ಈ ನುಡಿ ನೆನಪನ್ನು ಎಬ್ಬಿಸುವುದು ಕಣ್ಣಿಗೇ ಕಾಣುತ್ತದೆ: ತುಳುವಿನ ಕಥನಗೀತೆಯಾದ ಪಾಡ್ದನದ ಧಾಟಿ ಏಳುತ್ತಿದ್ದಂತೆ ಆವೇಶಗೊಂಡ ಹೆಣ್ಣುಮಕ್ಕಳು ಅದೇ ಧಾಟಿಯಲ್ಲಿ ಸಿರಿಯ ಕುಲದವರಾಗಿ ಮಾತನಾಡತೊಡಗುತ್ತಾರೆ.

ಈಗ ಶಾಲೆಗೆ ಬರೋಣ. ಮಕ್ಕಳ ಬ್ಯಾಗಿನ ಹೊರೆಯ ಬಗ್ಗೆ ಯಶಪಾಲ್ ಸಮಿತಿ 1993ರಲ್ಲಿ ಕೊಟ್ಟ ವರದಿ, 2005ರ ರಾಷ್ಟ್ರೀಯ ಪಠ್ಯಕ್ರಮ ಚೌಕಟ್ಟು, 2020ರ ಶಿಕ್ಷಣ ನೀತಿ ಎಲ್ಲವೂ ಉರು ಹೊಡೆಯುವ ಕಲಿಕೆಯ ವಿರುದ್ಧ ಮಾತಾಡಿವೆ. ಅವುಗಳ ಕಾಳಜಿ ಸರಿಯಾದದ್ದು. ಆದರೆ ತರಗತಿಯಲ್ಲಿ ನಡೆದದ್ದೇನು? ದಿನವೂ ಸಂಜೆ ಒಟ್ಟಾಗಿ ಮಗ್ಗಿ ಹೇಳಿಸುವುದು ಹಳೆಯ ಕಾಲದ್ದಾಯಿತು. ಪದ್ಯವನ್ನು ರಾಗವಾಗಿಯೋ ಲಯವಾಗಿಯೋ ಹೇಳಿಸುವುದು ಶಾಲಾ ವಾರ್ಷಿಕೋತ್ಸವದ ಪಾಲಾಯಿತು. ಅತ್ತ ಗೈಡಿನಲ್ಲಿರುವ ‘ಐದು ಅಂಕದ ಪ್ರಶ್ನೆ’ಯ ಉತ್ತರವನ್ನು ಅಲ್ಪವಿರಾಮ ತಪ್ಪದಂತೆ ಉರು ಹೊಡೆಯುವುದು ಇನ್ನೂ ನಡೆದೇ ಇದೆ; ಟ್ಯೂಷನ್ನಿನವರ ಅನ್ನವೇ ಅದು. ಆ ಉತ್ತರಕ್ಕೆ ಲಯವಿಲ್ಲ, ಪ್ರಾಸವಿಲ್ಲ, ಒಂದು ವಾಕ್ಯ ಮುಂದಿನ ವಾಕ್ಯವನ್ನು ಕರೆಯುವುದಿಲ್ಲ. ಧ್ವನಿಯ ಯಾವ ಆಸರೆಯೂ ಇಲ್ಲದ ಗದ್ಯವನ್ನು ಎಳೆಯ ತಲೆಗೆ ತುರುಕುವುದಕ್ಕಿಂತ ಕಷ್ಟದ ಕೆಲಸವಿಲ್ಲ, ಪರೀಕ್ಷೆ ಮುಗಿದ ವಾರಕ್ಕೆ ಅದು ಸೋರಿಹೋಗುತ್ತದೆ. ಇನ್ನು ಹತ್ತನೆಯ ತರಗತಿಯ ಕನ್ನಡ ಪ್ರಶ್ನೆಪತ್ರಿಕೆಯಲ್ಲಿ ಪದ್ಯ ಪೂರ್ಣಗೊಳಿಸಿ ಎಂಬ ಪ್ರಶ್ನೆ ಇರುತ್ತದೆ, ನಿಜ. ಆದರೆ ಅದನ್ನು ಬರೆದು ತೋರಿಸಬೇಕು. ಬಾಯಲ್ಲಿ ಒಮ್ಮೆಯೂ ಹೇಳದೆ ಪೂರ್ತಿ ಅಂಕ ಪಡೆಯಬಹುದು. ಷಟ್ಪದಿಯನ್ನು ಕಣ್ಣಿನಿಂದ ಕಲಿತು ಕೈಯಿಂದ ಒಪ್ಪಿಸುವ ವಿದ್ಯಾರ್ಥಿಗೆ ಕುಮಾರವ್ಯಾಸನ ಭಾಮಿನಿಯ ಮೂರು–ನಾಲ್ಕು ಮಾತ್ರೆಗಳ ನಡೆ ಮಾಡುವ ಸಹಾಯ ಎಂದಾದರೂ ತಿಳಿದೀತೆ?

ಅರ್ಥ ತಿಳಿಯದ ಬಾಯಿಪಾಠದಿಂದ ಏನು ಬಂತು ಎಂದು ಕೇಳುವವರ ಕೈಯಲ್ಲಿ ಬಲವಾದ ಸಾಕ್ಷ್ಯವಿದೆ. ಮಂತ್ರಗಳಿಗೆ ಅರ್ಥವೇ ಇಲ್ಲ ಎಂದ ಕೌತ್ಸನ ವಾದವನ್ನು ಯಾಸ್ಕನ ನಿರುಕ್ತವೇ ದಾಖಲಿಸಿದೆ. ಅಷ್ಟು ಹಿಂದೆಯೇ ಪಾಠ ಉಳಿದು ಅರ್ಥ ಮಸುಕಾಗಿತ್ತು. ಇವತ್ತೂ ತಪ್ಪಿಲ್ಲದೆ ಹೇಳುವವರಲ್ಲಿ ಅರ್ಥ ಹೇಳಬಲ್ಲವರು ಎಲ್ಲರೂ ಅಲ್ಲ. ಧ್ವನಿ ತನ್ನ ಹೊರೆಯನ್ನು ಇಳಿಸಿ ಬರಿಗೈಯಲ್ಲಿ ನಡೆಯಬಲ್ಲದು ಎಂಬುದನ್ನು ಒಪ್ಪಲೇಬೇಕು. ಆದರೆ ಅದೇ ಕಥೆಗೆ ಮುಂದಿನ ಅಧ್ಯಾಯವಿದೆ. ಪಾಠ ಉಳಿದಿದ್ದರಿಂದಲೇ ಹದಿನಾಲ್ಕನೆಯ ಶತಮಾನದ ವಿಜಯನಗರದಲ್ಲಿ ಸಾಯಣಾಚಾರ್ಯ ಅದಕ್ಕೆ ಭಾಷ್ಯ ಬರೆಯುವುದು ಸಾಧ್ಯವಾಯಿತು, ಆ ಭಾಷ್ಯ ಹಿಡಿದು ಹತ್ತೊಂಬತ್ತನೆಯ ಶತಮಾನದಲ್ಲಿ ಮ್ಯಾಕ್ಸ್ ಮುಲ್ಲರ್ ಋಗ್ವೇದವನ್ನು ಅಚ್ಚು ಹಾಕಿಸಿದ. ಅರ್ಥ ಹೋದರೂ ಮಾತು ಉಳಿದಿದ್ದರೆ ಅರ್ಥವನ್ನು ಮತ್ತೆ ಹುಡುಕಬಹುದು. ಮಾತೇ ಹೋದರೆ ಹುಡುಕುವುದಕ್ಕೆ ಏನೂ ಉಳಿಯುವುದಿಲ್ಲ. ಎಂಟು ವರ್ಷದ ಮಗುವಿಗೆ ಸರ್ವಜ್ಞನ ವಚನವೊಂದು ಪೂರ್ತಿ ತಿಳಿಯದಿರಬಹುದು. ಹದಿನೆಂಟರಲ್ಲಿ, ನಲವತ್ತರಲ್ಲಿ ತಿಳಿಯಲು ಅದು ಬಾಯಲ್ಲಿ ಇರಬೇಕಷ್ಟೆ.

ಇನ್ನೊಂದು ಆಕ್ಷೇಪ ವಿದ್ವಾಂಸರದ್ದು: ಧ್ವನಿಯ ನೆನಪು ನಂಬಿಕೆಗೆ ಅರ್ಹವಲ್ಲ. ಮಿಲ್ಮನ್ ಪ್ಯಾರಿ ಮತ್ತು ಆಲ್ಬರ್ಟ್ ಲಾರ್ಡ್ ಯುಗೊಸ್ಲಾವಿಯಾದಲ್ಲಿ ಕಂಡ ಗಾಯಕರು ಪದಕ್ಕೆ ಪದ ಅದೇ ಹಾಡೆಂದು ಆಣೆ ಹಾಕಿದರೂ ಪ್ರತಿ ಸಲ ಬೇರೆ ಹಾಡಿದರು. ಆಫ್ರಿಕಾದ ಘಾನಾದಲ್ಲಿ ಜ್ಯಾಕ್ ಗುಡಿ ದಾಖಲಿಸಿದ ಬಗ್ರೆ ಪುರಾಣದ ಪಾಠಗಳಲ್ಲಿ ಕಥೆಯ ಮುಖ್ಯ ಭಾಗಗಳೇ ಅದಲುಬದಲಾಗಿದ್ದವು. ಸರಿ, ನೀಲಗಾರರೂ ಪಾಡ್ದನದವರೂ ಮುದ್ರಣಯಂತ್ರಗಳಲ್ಲ. ವೇದದಂತೆ ತಪ್ಪು ಹಿಡಿಯುವ ಹೆಣಿಗೆ ಇದ್ದಲ್ಲಿ ಅಕ್ಷರ ಉಳಿಯುತ್ತದೆ, ಇಲ್ಲದಲ್ಲಿ ಕಥೆಯೂ ಧಾಟಿಯೂ ಉಳಿದು ಅಕ್ಷರ ಬದಲಾಗುತ್ತದೆ. ಎರಡನೆಯದನ್ನು ನಾನು ಸೋಲೆಂದು ಎಣಿಸುವುದಿಲ್ಲ. ತ್ರಿಪದಿಯ ಗಣಲೆಕ್ಕ ಕಿವಿಗೆ ಹತ್ತಿದ ಹೆಂಗಸು ಹಳೆಯದನ್ನು ಹಾಡುತ್ತ ಹೊಸದನ್ನೂ ಕಟ್ಟುತ್ತಾಳೆ. ಗೈಡು ಉರು ಹೊಡೆದವರಲ್ಲಿ ಹಾಗೆ ಕಟ್ಟಬಲ್ಲವರು ಯಾರಾದರೂ ಇದ್ದಾರೆಯೇ?

ನನಗೆ ಹೆಚ್ಚು ಕಳವಳ ಹುಟ್ಟಿಸುವ ಆಕ್ಷೇಪ ಇವೆರಡೂ ಅಲ್ಲ. ಪ್ರಾಸಕ್ಕೆ ಸತ್ಯ ಸುಳ್ಳಿನ ಭೇದವಿಲ್ಲ. ಒಂದೇ ಅರ್ಥದ ನಾಣ್ಣುಡಿಯನ್ನು ಪ್ರಾಸವಿಟ್ಟು ಒಮ್ಮೆ, ಪ್ರಾಸ ತೆಗೆದು ಒಮ್ಮೆ ಕೊಟ್ಟಾಗ ಓದಿದವರು ಪ್ರಾಸವಿದ್ದದ್ದನ್ನೇ ಹೆಚ್ಚು ನಿಜವೆಂದು ನಂಬಿದರು ಎಂದು 2000ದಲ್ಲಿ ಪ್ರಕಟವಾದ ಮ್ಯಾಥ್ಯೂ ಮೆಕ್‌ಗ್ಲೋನ್ ಮತ್ತು ಜೆಸಿಕಾ ತೋಫಿಗ್‌ಬಖ್ಶ್ ಅವರ ಅಧ್ಯಯನ ತೋರಿಸಿತು. ಹೆಣ್ಣನ್ನು ಹೀಗಳೆಯುವ, ಜಾತಿಯನ್ನು ಹಂಗಿಸುವ ಎಷ್ಟೋ ಗಾದೆಗಳು ನಮ್ಮಲ್ಲಿ ಅಳಿಯದೆ ಉಳಿದಿರುವುದಕ್ಕೆ ಅವುಗಳ ಪ್ರಾಸವೂ ಕಾರಣ. ಚುನಾವಣೆಯ ಘೋಷಣೆ, ಸೋಪಿನಪುಡಿಯ ಜಾಹೀರಾತು ಎಲ್ಲವೂ ಈ ದೌರ್ಬಲ್ಯದ ಮೇಲೆಯೇ ಕಣ್ಣಿಟ್ಟಿವೆ. ಹಾಗೆಂದು ಶಾಲೆ ಕಿವಿ ಮುಚ್ಚಿಕೊಂಡರೆ ಗೆಲ್ಲುವವರು ಯಾರು? ಮಗುವಿನ ತಲೆಯಲ್ಲಿ ಪ್ರಾಸಕ್ಕೆಂದೇ ಇರುವ ಜಾಗ ಖಾಲಿ ಉಳಿಯುವುದಿಲ್ಲ. ಕನಕದಾಸರೂ ಜನಪದರೂ ತುಂಬದಿದ್ದರೆ ಜಾಹೀರಾತಿನವರು ತುಂಬುತ್ತಾರೆ, ತುಂಬಿದ್ದಾರೆ. ಪ್ರಾಸ ತನ್ನ ಮೇಲೆ ಹೇಗೆ ಕೆಲಸ ಮಾಡುತ್ತದೆ ಎಂಬುದು ಪದ್ಯ ಹೇಳಿ, ಪದ್ಯ ಕಟ್ಟಿ ಬೆಳೆದವನಿಗೆ ಗೊತ್ತಿರುತ್ತದೆ, ಅವನನ್ನು ಮರುಳು ಮಾಡುವುದು ಅಷ್ಟು ಸುಲಭವಲ್ಲ ಎಂಬುದು ನನ್ನ ನಂಬಿಕೆ.

ಎಲ್ಲವೂ ಫೋನಿನಲ್ಲಿದೆ, ಬಾಯಲ್ಲೇಕೆ ಇರಬೇಕು ಎನ್ನುವವರಿಗೆ ದೀರ್ಘ ಉತ್ತರ ಬೇಕಿಲ್ಲ. ಫೋನಿನಲ್ಲಿರುವುದನ್ನು ಹುಡುಕಲು ಏನು ಹುಡುಕಬೇಕೆಂದು ಮೊದಲೇ ಗೊತ್ತಿರಬೇಕು. ಬಾಯಲ್ಲಿರುವುದು ಸಂದರ್ಭ ಬಂದಾಗ ಕರೆಯದೆಯೇ ಬರುತ್ತದೆ. ಕರಾವಳಿಯ ಗದ್ದೆಗಳಲ್ಲಿ ನಾಟಿ ಮಾಡುತ್ತ ಹೆಂಗಸರು ಹಾಡುತ್ತಿದ್ದ ‘ಓ ಬೇಲೆ’ಯಂಥ ಕಬಿತಗಳ ಧ್ವನಿಮುದ್ರಣಗಳು ಇವೆ, ಇರಲೇಬೇಕು. ಆದರೆ ಬೇಸಾಯ ಬಿಟ್ಟ ಗದ್ದೆಯಲ್ಲಿ, ಯಂತ್ರ ನಾಟಿ ಮಾಡುವ ಗದ್ದೆಯಲ್ಲಿ ಆ ಹಾಡನ್ನು ಎಬ್ಬಿಸುವ ಬಗ್ಗಿದ ಬೆನ್ನುಗಳ ಸಾಲು ಇಲ್ಲ. ದಾಖಲೆಯಾದದ್ದು ಹಾಡು, ಅದನ್ನು ನೆನಪಿಗೆ ತರುತ್ತಿದ್ದ ಕೆಲಸ ದಾಖಲೆಯಾಗಲಿಲ್ಲ.

ಹಾಗಾಗಿ ಶಿಕ್ಷಣ ಇಲಾಖೆಗೂ ಮೇಷ್ಟ್ರುಗಳಿಗೂ ಕೇಳುವುದು ದೊಡ್ಡದೇನಲ್ಲ. ಒಂದರಿಂದ ಏಳನೆಯ ತರಗತಿಯವರೆಗೆ ವಾರಕ್ಕೆ ಒಂದು ಪೀರಿಯಡ್ಡನ್ನು ಪದ್ಯ, ಗಾದೆ, ಮಗ್ಗಿ ಬಾಯಲ್ಲಿ ಹೇಳುವುದಕ್ಕೇ ಬಿಟ್ಟುಕೊಡಿ. ಊರಿನಲ್ಲಿ ಗಮಕಿಗಳೋ ತಂಬೂರಿಯವರೋ ಸೋಬಾನೆ ಹೇಳುವ ಅಜ್ಜಿಯೋ ಇದ್ದರೆ ಆ ಪೀರಿಯಡ್ಡಿಗೆ ಅವರನ್ನು ಕರೆಯಿರಿ, ಬಂದುಹೋಗುವ ಖರ್ಚು ಕೊಡಿ. ಅದಕ್ಕೆ ಪರೀಕ್ಷೆ ಇಡಬೇಡಿ, ಅಂಕ ಕೊಡಬೇಡಿ. ಅಂಕ ಇಟ್ಟ ಮರುದಿನವೇ ಗೈಡು ಬರುತ್ತದೆ.